ಫ್ಲಾಪಿಯ ಹಣೆಗೆ ವಿಭೂತಿ

ಇಂಗ್ಲೆಂಡಿಗೆ ಹೋಗಿ ಬಂದೆ ಎಂದ ಕೂಡಲೇ ಎಲ್ಲರೂ ಕೇಳುವ ಮೊದಲ ಪ್ರಶ್ನೆ, ರಾಣಿಯ ಅರಮನೆ ನೋಡಿದಿರಾ ಎಂದು. ಇಲ್ಲ ಸ್ವಾಮಿ, ನೋಡಲಿಲ್ಲ. ಲಂಡನ್ನಿನ ದೊಡ್ಡ ಗಡಿಯಾರವನ್ನೂ ನೋಡಲಿಲ್ಲ. ನಾನು ನೋಡಿದ್ದು ಒಂದು ಚರ್ಚಿನ ಹಿಂದಿನ ಹಾಲ್, ಅದರಲ್ಲಿ ಹನ್ನೊಂದು ಜನ ವಯಸ್ಸಾದವರು, ಅವರ ಮುಂದೆ ಹನ್ನೊಂದು ಹಳೇ ಕಂಪ್ಯೂಟರುಗಳು. ಅಷ್ಟಕ್ಕೆ ಸಮುದ್ರ ದಾಟಬೇಕಿತ್ತೇನೇ ಎಂದು ನನ್ನ ತಂಗಿ ಇವತ್ತಿಗೂ ಆಡಿಕೊಳ್ಳುತ್ತಾಳೆ. ದಾಟಬೇಕಿತ್ತು. ಯಾಕೆಂದರೆ ನಾನು ಒಂದು ತಪ್ಪು ಮಾಡಿದ್ದೆ, ಮತ್ತು ಅದನ್ನು ಯಾರಿಗೂ ಹೇಳಿರಲಿಲ್ಲ.

ಪೀಣ್ಯ ಎರಡನೇ ಹಂತ

ನಾನು ದಾವಣಗೆರೆಯವಳು, ಹೆಸರು ಗಿರಿಜಾ. ಎಲೆಕ್ಟ್ರಾನಿಕ್ಸ್ ಡಿಪ್ಲೊಮಾ ಮುಗಿಸಿ ಬೆಂಗಳೂರಿಗೆ ಬಂದು, ಪೀಣ್ಯದ ಒಂದು ಸ್ಪ್ರಿಂಗ್ ಕಾರ್ಖಾನೆಯಲ್ಲಿ ಯಂತ್ರಗಳ ದುರಸ್ತಿ ನೋಡಿಕೊಳ್ಳುತ್ತಿದ್ದೆ. ಇದು ತೊಂಬತ್ತರ ದಶಕದ ನಡುವಿನ ಮಾತು. ಮಾಲೀಕರು ಹನುಮಂತರಾಯಪ್ಪನವರು, ನಮಗೆಲ್ಲ ರಾಯಪ್ಪನವರು. ಕೈಗಾರಿಕಾ ಪ್ರದೇಶ ಬರುವ ಮೊದಲು ಅಲ್ಲೆಲ್ಲ ಅವರ ಮನೆಯವರ ಹೊಲವಿತ್ತಂತೆ. "ನಮ್ಮಪ್ಪ ಇಲ್ಲಿ ರಾಗಿ ಬೆಳೀತಿದ್ರು, ನಾನು ಸ್ಪ್ರಿಂಗ್ ಬೆಳೀತಿವ್ನಿ, ಇದ್ಕೆ ಮಳೆ ಒಂದು ಬೇಕಾಗಿಲ್ಲ ನೋಡಮ್ಮ" ಎಂದು ನಗುತ್ತಿದ್ದರು.

ಆ ಕಾರ್ಖಾನೆಯ ಪಟ್ಟದಾನೆ ಎಂದರೆ ಇಂಗ್ಲೆಂಡಿನಿಂದ ಹಡಗಿನಲ್ಲಿ ಬಂದ ಒಂದು ಸೆಕೆಂಡ್ ಹ್ಯಾಂಡ್ ಯಂತ್ರ. ಒಂದು ಕಡೆಯಿಂದ ಉಕ್ಕಿನ ತಂತಿ ಕೊಟ್ಟರೆ ಇನ್ನೊಂದು ಕಡೆ ಪಟಪಟನೆ ಸ್ಪ್ರಿಂಗ್ ಉದುರಿಸುತ್ತಿತ್ತು. ವಿಚಿತ್ರವೆಂದರೆ, ಅಷ್ಟು ದೊಡ್ಡ ಯಂತ್ರವನ್ನು ಆಡಿಸುತ್ತಿದ್ದದ್ದು ಒಂದು ಪುಟ್ಟ ಮನೆ ಕಂಪ್ಯೂಟರ್. ಎಂಬತ್ತರ ದಶಕದ ಆರಂಭದಲ್ಲಿ ಮನೆಯ ಟಿವಿಗೆ ಸಿಕ್ಕಿಸಿ ಮಕ್ಕಳು ಆಟ ಆಡಲಿ, ಲೆಕ್ಕ ಕಲಿಯಲಿ ಎಂದು ಮಾಡಿದ್ದು ಅದು. ನೋಡಲು ದಪ್ಪನೆಯ ಕೀಬೋರ್ಡ್, ಅಷ್ಟೇ; ಕಂಪ್ಯೂಟರ್ ಅದರ ಹೊಟ್ಟೆಯಲ್ಲೇ. ಯಾರೋ ಪುಣ್ಯಾತ್ಮ ಅದನ್ನು ಸ್ಪ್ರಿಂಗ್ ಯಂತ್ರಕ್ಕೆ ಕಟ್ಟಿಹಾಕಿದ್ದ. ಸ್ವಿಚ್ ಒತ್ತಿದ ಮರುಕ್ಷಣ ಪರದೆಯ ಮೇಲೆ 'ರೆಡಿ' ಎನ್ನುತ್ತಿತ್ತು. ಆದರೆ ಆ ರೆಡಿ ಬರೀ ಬಾಯಿಮಾತಿನದು. ಸ್ಪ್ರಿಂಗ್ ಸುತ್ತುವ ಬುದ್ಧಿ ಬರಬೇಕಾದರೆ ಫ್ಲಾಪಿಯಿಂದ ಅದರ ಆಪರೇಟಿಂಗ್ ಸಿಸ್ಟಮ್ ಒಳಗೆ ಹೋಗಬೇಕಿತ್ತು.

ಇದೇನು ಆಪರೇಟಿಂಗ್ ಸಿಸ್ಟಮ್ ಎಂದು ರಾಯಪ್ಪನವರು ಒಮ್ಮೆ ಕೇಳಿದ್ದರು.

"ಮೇಸ್ತ್ರಿ ಇದ್ದ ಹಾಗೆ ಸಾರ್. ಕೂಲಿಯೋರು ಎಲ್ಲಾ ಬಂದಿರ್ತಾರೆ, ಗಾರೆ, ಇಟ್ಟಿಗೆ ಎಲ್ಲಾ ಇರುತ್ತೆ. ನೀನು ಇದು ಮಾಡು, ನೀನು ತಡಿ, ನಿಂದು ಆಮೇಲೆ ಅಂತ ಹೇಳೋನು ಬೇಕಲ್ಲ. ಆ ಮೇಸ್ತ್ರಿ ಈ ಫ್ಲಾಪೀಲಿದ್ದಾನೆ."

"ಅಂಗಾರೆ ಮೇಸ್ತ್ರೀನ ಉಸಾರಾಗಿ ನೋಡ್ಕಳವ್ವ" ಎಂದಿದ್ದರು ಅವರು.

ನೋಡಿಕೊಂಡೆ, ಏನು ಚೆನ್ನಾಗಿ ನೋಡಿಕೊಂಡೆ! ಫ್ಲಾಪಿ ಎಂದರೆ ಅಂಗೈಗಿಂತ ಅಗಲದ ಕಪ್ಪು ಲಕೋಟೆ. ಅದರಲ್ಲಿ ಉದ್ದನೆಯ ಒಂದು ಕಿಟಕಿ. ಆ ಕಿಟಕಿಯಲ್ಲಿ ಒಳಗಿನ ಕಂದು ತಟ್ಟೆ ಇಣುಕುತ್ತದೆ. ಮೇಸ್ತ್ರಿ ಇರುವುದು ಆ ತಟ್ಟೆಯ ಮೇಲೆ. ಅಲ್ಲಿಗೆ ಬೆರಳು ತಾಗಿಸಬಾರದು ಎಂದು ವರ್ಷವಿಡೀ ಫಿಟ್ಟರುಗಳಿಗೆ ಬೈದವಳು ನಾನೇ. ಆಯುಧಪೂಜೆಯ ದಿನ ಎಲ್ಲಾ ಯಂತ್ರ ತೊಳೆದು, ಬಾಳೆಕಂದು ಕಟ್ಟಿ, ಸ್ಪಾನರ್‌ಗೂ ಸುತ್ತಿಗೆಗೂ ಕುಂಕುಮ ಇಟ್ಟಾಯಿತು. ನಾನು ವಿಭೂತಿ ಕಲಸಿಕೊಂಡು ಹೊರಟೆ. ಮನೆಯಲ್ಲಿ ಚಿಕ್ಕಂದಿನಿಂದ ಮೂರು ಬೆರಳು ಎಳೆದು ಎಳೆದು ಅಭ್ಯಾಸವಾದ ಕೈ. ಲೇತಿಗೆ ಎಳೆದೆ, ಡ್ರಿಲ್ಲಿಗೆ ಎಳೆದೆ, ಕೀಬೋರ್ಡಿಗೆ ಎಳೆದೆ. ಫ್ಲಾಪಿ ಕೈಗೆತ್ತಿಕೊಂಡಾಗ ಆ ಕಿಟಕಿ ಥೇಟ್ ಹಣೆಯ ಹಾಗೆ ಕಂಡಿತು. ಎಳೆದುಬಿಟ್ಟೆ.

ಇಷ್ಟಕ್ಕೇ ಮುಗಿದಿದ್ದರೆ ಬದುಕಿಕೊಳ್ಳುತ್ತಿದ್ದೆ. ಪಕ್ಕದಲ್ಲಿ ಇನ್ನೊಂದು ಫ್ಲಾಪಿ ಇತ್ತು, ಮೊದಲನೆಯದು ಕೆಟ್ಟರೆ ಇರಲಿ ಎಂದು ನಾನೇ ಮಾಡಿಟ್ಟ ನಕಲು. ಒಂದಕ್ಕೆ ಪೂಜೆ ಮಾಡಿ ಇನ್ನೊಂದನ್ನು ಬಿಟ್ಟರೆ ಭೇದ ಮಾಡಿದಂತಾಗುತ್ತದಲ್ಲ ಎಂದು ಅದಕ್ಕೂ ಎಳೆದೆ.

ಹಬ್ಬ ಮುಗಿಸಿ ಯಂತ್ರ ಶುರು ಮಾಡಿದರೆ, ಫ್ಲಾಪಿ ಡ್ರೈವಿನಿಂದ ಕರಕರ ಸದ್ದು. ರಾಗಿಕಲ್ಲು ತಿರುಗಿದ ಹಾಗೆ. ಎರಡನೆಯದನ್ನು ಹಾಕಿದೆ. ಅದೂ ಕರಕರ. ಪಟ್ಟದಾನೆ ಮಲಗಿತು.

ರಾಯಪ್ಪನವರು ಯಾರನ್ನೂ ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು. ಆ ವರ್ಷ ಅವರು ತರುತ್ತಿದ್ದ ದೊಡ್ಡ ಬೂದುಗುಂಬಳಕಾಯಿ ತುಮಕೂರು ರಸ್ತೆಯಲ್ಲಿ ಸ್ಕೂಟರಿನಿಂದ ಉರುಳಿ ಒಡೆದುಹೋಗಿತ್ತು. ಹಬ್ಬದ ಹೊತ್ತಿಗೆ ಸಿಕ್ಕಿದ್ದು ತೆಂಗಿನಕಾಯಿ ಗಾತ್ರದ್ದು. ಅದನ್ನೇ ಬಾಗಿಲಲ್ಲಿ ಒಡೆದಿದ್ದರು.

"ಕಾಯಿ ಚಿಕ್ಕದಾಯ್ತು ಗಿರಿಜಮ್ಮ. ದೃಷ್ಟಿ ಓಗ್ಲಿಲ್ಲ. ಎಲ್ಲಾ ನನ್ನಿಂದ್ಲೇ ಆಗಿದ್ದು" ಎಂದರು.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಎನ್ನುತ್ತಾರೆ. ಅವರು ಕುಂಬಳಕಾಯಿ ಎಂದಾಗಲೆಲ್ಲ ನನ್ನ ಕೈ ಹೆಗಲಿಗೇ ಹೋಗುತ್ತಿತ್ತು. ಇವತ್ತು ಹೇಳುತ್ತೇನೆ, ನಾಳೆ ಹೇಳುತ್ತೇನೆ ಎಂದುಕೊಂಡೆ. ಹೇಳಲಿಲ್ಲ. ಆ ಮನುಷ್ಯ ದಿನಾ ಆ ಯಂತ್ರದ ಪಕ್ಕ ನಿಂತು ತನ್ನನ್ನು ತಾನೇ ಬೈದುಕೊಳ್ಳುವುದನ್ನು ನೋಡುತ್ತ ನೋಡುತ್ತ ತಿಂಗಳುಗಳು ಹೋದವು.

ಯಂತ್ರದ ಒಳಬಾಗಿಲಿನ ಮೇಲೆ ಶಾಯಿಯಲ್ಲಿ ಒಂದು ಹೆಸರು, ವಿಳಾಸ ಬರೆದಿತ್ತು: ಬರ್ನಾರ್ಡ್ ಎಂದು. ಕಾಗದ ಬರೆದೆ. ಎರಡು ತಿಂಗಳ ಮೇಲೆ ಉತ್ತರ ಬಂತು. ಹೌದು, ಆ ಸಿಸ್ಟಮ್ ಬರೆದವನು ನಾನೇ. ಒಂದು ಪ್ರತಿ ಮಾತ್ರ ಉಳಿದಿದೆ. ಅದನ್ನು ಅಂಚೆಗೆ ಹಾಕುವುದಿಲ್ಲ. ನಮ್ಮ ಹಳೇ ಕಂಪ್ಯೂಟರ್ ಸಂಘ ತಿಂಗಳಿಗೊಂದು ಶನಿವಾರ ಸೇರುತ್ತದೆ, ಯಾರು ಬೇಕಾದರೂ ಖಾಲಿ ಫ್ಲಾಪಿ ತಂದು ನಕಲು ಮಾಡಿಕೊಂಡು ಹೋಗಬಹುದು. ಇಲ್ಲೇ ಪಕ್ಕದ ಯಶವಂತಪುರದಿಂದ ಬರುವವಳಿಗೆ ಹೇಳಿದ ಹಾಗೆ ಬರೆದಿದ್ದ ಪುಣ್ಯಾತ್ಮ.

ನಾನು ನಕ್ಕೆ. ರಾಯಪ್ಪನವರು ನಗಲಿಲ್ಲ.

"ಸರ್ಯಾಗೇ ಏಳವ್ನೆ. ಬಾವಿ ನಮ್ಮನೇಗ್ ಬತ್ತದಾ? ನಾವೇ ಬಿಂದ್ಗೆ ತಗೊಂಡು ಓಗ್ಬೇಕು."

ಪೀಣ್ಯದ ಒಂದಷ್ಟು ಮಾಲೀಕರು ಸೇರಿ ಸೆಪ್ಟೆಂಬರಿನಲ್ಲಿ ಬರ್ಮಿಂಗ್‌ಹ್ಯಾಮಿನ ಯಂತ್ರ ಪ್ರದರ್ಶನಕ್ಕೆ ಹೊರಟಿದ್ದರು. ಆ ಗುಂಪಿನಲ್ಲಿ ರಾಯಪ್ಪನವರ ಹೆಸರೂ ಇತ್ತು. ತಮ್ಮ ಜಾಗವನ್ನು ನನಗೆ ಕೊಟ್ಟುಬಿಟ್ಟರು. "ಆಕಾಸದಲ್ಲಿ ಓಗಕ್ಕೆ ನಾನೇನ್ ಗರುಡಾನಾ? ನೀನೇ ಓಗಿ ಮೇಸ್ತ್ರೀನ ಕರ್ಕೊಂಡ್ಬಾ. ಈ ಹಬ್ಬದೊಳ್ಗೆ ಇದು ಏಳ್ಳಿಲ್ಲ ಅಂದ್ರೆ ಗುಜರಿಗೇ ಸೈ. ಸತ್ತಿರೋ ಯಂತ್ರಕ್ಕೆ ನಾನು ಪೂಜೆ ಮಾಡಕ್ಕಿಲ್ಲ."

ಕೊಂದವಳನ್ನೇ ಸಂಜೀವಿನಿ ತರಲು ಕಳಿಸುತ್ತಿದ್ದಾರೆ ಎಂದು ಅವರಿಗೆ ಗೊತ್ತಿರಲಿಲ್ಲ.

ವಿಮಾನದಲ್ಲಿ

ಖಾಲಿ ಫ್ಲಾಪಿಗಳನ್ನು ಒಂದು ಸ್ಟೀಲ್ ಡಬ್ಬಿಯಲ್ಲಿಟ್ಟು ಮೇಲೆ ಹತ್ತಿ ಬಟ್ಟೆ ಸುತ್ತಿದ್ದೆ. ಇನ್ನೊಂದು ಡಬ್ಬಿಯಲ್ಲಿ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ. ತಪಾಸಣೆಯವರು ತೆಗೆಸಿ ನೋಡಿದ್ದು ರೊಟ್ಟಿಯ ಡಬ್ಬಿಯನ್ನು. ಒಬ್ಬರು ರೊಟ್ಟಿಯನ್ನು ಬೆರಳಿನಿಂದ ತಟ್ಟಿ ನೋಡಿ, "ಇದೇನ್ ಮೇಡಂ, ಪ್ಲೈವುಡ್ಡಾ?" ಎಂದರು. ಒಂದು ಮುರಿದು ಕೊಟ್ಟೆ. ತಿಂದು, ಮುಂದೆ ಹೋಗಿ ಎಂದು ಕೈ ತೋರಿಸಿದರು.

ನಮ್ಮ ಗುಂಪಿನಲ್ಲಿ ಎರಕದ ಕಾರ್ಖಾನೆಯ ಶಿವಣ್ಣನವರು ಎಂದು ಒಬ್ಬರಿದ್ದರು. ಗಟ್ಟಿ ದನಿಯ, ದೊಡ್ಡ ಹೊಟ್ಟೆಯ, ಒಳ್ಳೆಯ ಮನುಷ್ಯ. ವಿಮಾನದವರು ಕೊಟ್ಟ ಊಟವನ್ನು ಮೂಸಿ ನೋಡಿ ಪಕ್ಕಕ್ಕಿಟ್ಟು, ನನ್ನ ಸೀಟಿನ ಹತ್ತಿರ ಬಂದು ನಿಂತರು. "ತಂಗೀ, ಈ ಕಡೆಯಿಂದ ರೊಟ್ಟಿ ವಾಸ್ನೆ ಬಂದಂಗಾಯ್ತು." ಅಲ್ಲಿಂದ ಲಂಡನ್ನಿನವರೆಗೆ ಎಂಟು ರೊಟ್ಟಿ ಹೋದವು. ಆ ಋಣ ಆಮೇಲೆ ನನ್ನನ್ನು ಉಳಿಸಿತು.

ಬರ್ಮಿಂಗ್‌ಹ್ಯಾಮಿನಿಂದ ಆಚೆ

ಪ್ರದರ್ಶನದ ಬಗ್ಗೆ ಬರೆಯುವುದೇನೂ ಇಲ್ಲ. ಹೊಸ ಯಂತ್ರಗಳೆಲ್ಲ ಬಣ್ಣದ ಪರದೆ ಹೊತ್ತುಕೊಂಡು, ಬಾಣ ತೋರಿಸಿ ಒತ್ತಿದರೆ ಸಾಕು ಎನ್ನುತ್ತಿದ್ದವು. ವೈಟ್‌ಫೀಲ್ಡ್ ಕಡೆ ಆಗತಾನೇ ಏಳುತ್ತಿದ್ದ ಗಾಜಿನ ಕಟ್ಟಡಗಳಲ್ಲೂ ಇಂಥವೇ ಬರುತ್ತಿದ್ದವು. ನನಗೆ ಅವುಗಳ ಮೇಲೆ ಮನಸ್ಸಿರಲಿಲ್ಲ. ಶನಿವಾರ ಬೆಳಿಗ್ಗೆ ಗುಂಪಿನವರಿಗೆ ಹೇಳಿ, ಒಬ್ಬಳೇ ರೈಲು ಹತ್ತಿದೆ.

ಆ ರೈಲಿನಲ್ಲಿ ಯಾರೂ ಯಾರನ್ನೂ ಎಲ್ಲಿಗೆ ಎಂದು ಕೇಳಲಿಲ್ಲ. ದಾವಣಗೆರೆ ರೈಲಿನಲ್ಲಾದರೆ ಅರಸೀಕೆರೆ ಬರುವಷ್ಟರಲ್ಲಿ ನನ್ನ ಗೋತ್ರ, ಸಂಬಳ, ಇನ್ನೂ ಯಾಕೆ ಮದುವೆಯಾಗಿಲ್ಲ ಎಂಬುದೆಲ್ಲ ವಿಚಾರಣೆಯಾಗಿ ತೀರ್ಪೂ ಬಂದಿರುತ್ತಿತ್ತು. ಮೊದಲ ಅರ್ಧ ಗಂಟೆ ಹಾಯೆನಿಸಿತು. ಆಮೇಲೆ ಬಾಯಿ ತುರಿಸತೊಡಗಿತು. ಎದುರಿಗೆ ಕೂತಿದ್ದ ಅಜ್ಜಿಗೆ ನಾನೇ, "ನನ್ನ ಹತ್ತಿರ ಖಾಲಿ ಫ್ಲಾಪಿಗಳಿವೆ, ಕಂಪ್ಯೂಟರಿನ ಮೇಸ್ತ್ರಿಯನ್ನು ಕರೆತರಲು ಹೋಗುತ್ತಿದ್ದೇನೆ" ಎಂದೆ. ಆಕೆ ತುಂಬಾ ಸಭ್ಯವಾಗಿ ನಕ್ಕು ಮುಂದಿನ ನಿಲ್ದಾಣದಲ್ಲಿ ಬೇರೆ ಸೀಟಿಗೆ ಹೋದರು.

ಚರ್ಚಿನ ಹಿಂದಿನ ಹಾಲ್

ಊರು ಚಿಕ್ಕದು, ಇಟ್ಟಿಗೆಯದು. ಹಾಲ್ ಬಾಗಿಲು ತೆಗೆದರೆ ಮರದ ಮೇಜುಗಳ ಸಾಲು, ಪ್ರತಿಯೊಂದರ ಮೇಲೂ ಒಂದು ದಪ್ಪ ಕೀಬೋರ್ಡ್, ಒಂದು ಹಳೇ ಟಿವಿ. ನಮ್ಮ ಕಾರ್ಖಾನೆಯ ಯಂತ್ರದ ಅಣ್ಣತಮ್ಮಂದಿರೆಲ್ಲ ಅಲ್ಲಿ ಕೂತಿದ್ದರು! ಬೆಂಗಳೂರಿನಲ್ಲಿ ಅಂಥದ್ದು ಒಂದೇ ಒಂದು ಕಂಡಿದ್ದ ನನಗೆ ನೆಂಟರ ಮನೆಗೆ ಬಂದಷ್ಟು ಸಂತೋಷವಾಯಿತು.

ಬರ್ನಾರ್ಡ್ ಎತ್ತರದ, ಬಾಗಿದ ಬೆನ್ನಿನ ಮನುಷ್ಯ. ಕೋಟಿನ ಮೊಣಕೈಗೆ ತೇಪೆ. ನಾನು ಹೆಸರು ಹೇಳಿದ್ದಕ್ಕೆ, "ನೀವು ನಿಜವಾಗಲೂ ಬಂದಿರಾ?" ಎಂದು ಮೂರು ಸಲ ಕೇಳಿದರು. "ಬರಬಹುದು ಎಂದು ನೀವೇ ಬರೆದಿರಲ್ಲ" ಎಂದೆ. "ಅದು ಎಲ್ಲರಿಗೂ ಬರೆಯುವ ಮಾತು, ಯಾರೂ ಬರುವುದಿಲ್ಲ" ಎಂದರು. ಅವರು ಇಂಗ್ಲಿಷಿನಲ್ಲಿ ಆಡಿದ್ದನ್ನು ನಾನು ನಮ್ಮ ಮಾತಿನಲ್ಲಿ ಬರೆಯುತ್ತಿದ್ದೇನೆ.

ಚಹಾ ನೋಡಿಕೊಳ್ಳುತ್ತಿದ್ದವರು ಡೊರೊಥಿ ಎಂಬ ದುಂಡು ಮುಖದ ಹೆಂಗಸು. ಅಲ್ಲಿ ಒಬ್ಬೊಬ್ಬರದೂ ಹೆಸರು ಬರೆದ ಸ್ವಂತ ಲೋಟ. ಕುಡಿದ ಮೇಲೆ ಅವರವರೇ ತೊಳೆದು ಕೊಕ್ಕೆಗೆ ನೇತುಹಾಕಬೇಕು. ನನಗೆ ಕೊಟ್ಟ ಲೋಟ ನಮ್ಮ ಮನೆಯ ಚೊಂಬಿನಷ್ಟಿತ್ತು. ಅಭ್ಯಾಸಬಲ, "ಬೈ-ಟು ಮಾಡಿ" ಎಂದೆ. ಪೀಣ್ಯದಲ್ಲಿ ಒಂದು ಚಹಾವನ್ನು ಇಬ್ಬರು ಹಂಚಿಕೊಳ್ಳದಿದ್ದರೆ ಅದು ಸ್ನೇಹವೇ ಅಲ್ಲ ಎಂದು ವಿವರಿಸಿದೆ. ಡೊರೊಥಿ ಯೋಚಿಸಿ, ತಮ್ಮ ಲೋಟ ತಂದು ಅರ್ಧ ಸುರಿದುಕೊಂಡರು. ಹತ್ತು ನಿಮಿಷದಲ್ಲಿ ಹಾಲ್ ತುಂಬ ಬೈ-ಟು ನಡೆಯುತ್ತಿತ್ತು, ತೊಳೆಯುವ ಲೋಟ ಮಾತ್ರ ಅಷ್ಟೇ ಇದ್ದವು.

ಡೊರೊಥಿ ತಮ್ಮ ಕಾಲದ ಕಥೆ ಹೇಳಿದರು. ಮೊದಮೊದಲು ಫ್ಲಾಪಿಯೂ ಇರಲಿಲ್ಲವಂತೆ. ಹಾಡು ಕೇಳುವ ಕ್ಯಾಸೆಟ್ಟಿನಲ್ಲೇ ಪ್ರೋಗ್ರಾಂ ತುಂಬಿಡುತ್ತಿದ್ದರು. ಕಿವಿಗೆ ಕೇಳಿಸಿದರೆ ಬರೀ ಕೀಚಲು ಸದ್ದು. ಒಮ್ಮೊಮ್ಮೆ ರೇಡಿಯೋದಲ್ಲೇ ಆ ಕೀಚಲು ಪ್ರಸಾರವಾಗುತ್ತಿತ್ತು. ಜನ ರೇಡಿಯೋ ಪಕ್ಕ ಟೇಪ್ ರೆಕಾರ್ಡರ್ ಹಿಡಿದು ಉಸಿರು ಬಿಗಿಹಿಡಿದು ಕೂರುತ್ತಿದ್ದರು. ಈಕೆ ಹಾಗೆ ಹಿಡಿದ ಒಂದು ಸ್ವೆಟರ್ ಹೆಣಿಗೆಯ ಪ್ರೋಗ್ರಾಮಿನ ನಡುವೆ ಮನೆಯ ನಾಯಿ ಬೊಗಳಿಬಿಟ್ಟಿತಂತೆ. "ಆ ಬೊಗಳು ಕಂಪ್ಯೂಟರಿಗೆ ಅರ್ಥವಾಗಲಿಲ್ಲ. ಸ್ವೆಟರ್ ಇವತ್ತಿಗೂ ಅರ್ಧವೇ ಇದೆ" ಎಂದು ನಕ್ಕರು. ಟಿವಿ ಒಂದೇ ಇದ್ದ ಮನೆಗಳಲ್ಲಿ ಸುದ್ದಿ ನೋಡಬೇಕೆಂಬ ಅಪ್ಪನಿಗೂ ಪ್ರೋಗ್ರಾಂ ಬರೆಯಬೇಕೆಂಬ ಮಕ್ಕಳಿಗೂ ದಿನಾ ಕುಸ್ತಿ. ನಮ್ಮಲ್ಲಿ ಕ್ರಿಕೆಟ್ಟಿಗೂ ಧಾರಾವಾಹಿಗೂ ಆಗುವ ಜಗಳವೇ ಅದು, ವಸ್ತು ಬೇರೆ.

ಬರ್ನಾರ್ಡ್ ಹೇಳಿದ್ದು ಬೇರೆ. ಆಗ ಒಂದೊಂದು ಕಂಪನಿಯ ಕಂಪ್ಯೂಟರಿಗೂ ಒಂದೊಂದು ಆಪರೇಟಿಂಗ್ ಸಿಸ್ಟಮ್. ಇದರ ಫ್ಲಾಪಿ ಅದು ಓದದು, ಅದರ ಭಾಷೆ ಇದಕ್ಕೆ ತಿಳಿಯದು. ಎಲ್ಲಕ್ಕೂ ಹೊಂದುವ ಒಂದು ಸಿಸ್ಟಮ್ ಮಾಡಲು ಹಲವರು ನೋಡಿದರು. ಒಂದೆರಡು ಗೆದ್ದವು, ಅವನ್ನೂ ಮೀರಿಸಿ 'ಡಾಸ್' ಎಂಬ ಸಿಸ್ಟಮ್ ಬಂತು, ಈಗ ಪರದೆ ತುಂಬ ಬಣ್ಣದ ಕಿಟಕಿಗಳು ಬಂದಿವೆ. "ನಾವು ಬರೆದಿದ್ದೆಲ್ಲ ಕಸದ ಬುಟ್ಟಿಗೆ ಹೋಯಿತು. ನಾನಿದ್ದ ಕಂಪನಿ ಮುಚ್ಚಿದಾಗ ಯಂತ್ರಗಳನ್ನು ಎಲ್ಲೆಲ್ಲಿಗೋ ಮಾರಿದರು. ನನ್ನ ಸಿಸ್ಟಮ್ ಇನ್ನೂ ಎಲ್ಲೋ ನಡೆಯುತ್ತಿದೆ ಎಂದು ನಿಮ್ಮ ಕಾಗದ ಬರುವವರೆಗೆ ನನಗೇ ಗೊತ್ತಿರಲಿಲ್ಲ."

ಮೂರು ಬೆರಳು

"ಅದಿರಲಿ, ನಿಮ್ಮದು ಕೆಟ್ಟಿದ್ದು ಹೇಗೆ?" ಎಂದು ಕೇಳಿದರು.

ಸತ್ತ ಫ್ಲಾಪಿಗಳನ್ನು ನಾನು ಕೈಚೀಲದಲ್ಲಿ ತಂದಿದ್ದೆ. ಕೊಟ್ಟೆ. ಬರ್ನಾರ್ಡ್ ಭೂತಗನ್ನಡಿ ಹಿಡಿದು ಕಿಟಕಿಯನ್ನು ನೋಡಿದರು. "ಬೂದು ಬಣ್ಣದ ಪುಡಿ. ಸಿಮೆಂಟೇ? ನಿಮ್ಮ ಕಾರ್ಖಾನೆಯಲ್ಲಿ ಕಟ್ಟಡದ ಕೆಲಸ ನಡೆಯುತ್ತಿತ್ತೇ?"

ಹೌದು ಎಂದಿದ್ದರೆ ಮುಗಿಯುತ್ತಿತ್ತು. ಆದರೆ ಒಂದು ವರ್ಷದಿಂದ ನುಂಗಿಕೊಂಡಿದ್ದು ಗಂಟಲಿಗೆ ಬಂತು. ಆ ಮನುಷ್ಯನಿಗೆ ರಾಯಪ್ಪನವರು ಗೊತ್ತಿಲ್ಲ, ಪೀಣ್ಯ ಗೊತ್ತಿಲ್ಲ. ಅಪರಿಚಿತರ ಮುಂದೆ ತಪ್ಪು ಒಪ್ಪಿಕೊಳ್ಳುವುದು ಸುಲಭ. ಎಲ್ಲ ಹೇಳಿಬಿಟ್ಟೆ: ವರ್ಷಕ್ಕೊಂದು ದಿನ ನಾವು ಆಯುಧಗಳಿಗೆ ರಜ ಕೊಟ್ಟು, ತೊಳೆದು, ಕೈ ಮುಗಿಯುತ್ತೇವೆ, ಅದು ವಿಭೂತಿ, ಹಚ್ಚಿದ ಬೆರಳು ಇವೇ, ನಕಲನ್ನೂ ಬಿಡಲಿಲ್ಲ, ಮಾಲೀಕರು ಕುಂಬಳಕಾಯಿಯ ಗಾತ್ರಕ್ಕೆ ತಮ್ಮನ್ನೇ ಬೈದುಕೊಳ್ಳುತ್ತಿದ್ದಾರೆ, ನಾನು ಬಾಯಿ ಬಿಟ್ಟಿಲ್ಲ.

ಈಗ ಬೈಯುತ್ತಾರೆ ಎಂದು ತಲೆ ತಗ್ಗಿಸಿದೆ.

ಬರ್ನಾರ್ಡ್ ಕನ್ನಡಕ ತೆಗೆದು ಒರೆಸಿಕೊಂಡರು. ತುಂಬಾ ಹೊತ್ತು ಒರೆಸಿಕೊಂಡರು. "ನಾನು ಇದನ್ನು ಬರೆಯಲು ಎರಡು ಚಳಿಗಾಲ ಕೂತೆ. ನನ್ನ ಮೇಲಿನವರು ಒಂದು ದಿನವೂ ಚೆನ್ನಾಗಿದೆ ಎನ್ನಲಿಲ್ಲ. ನೀವು ಅದರ ಹಣೆಗೆ ಪ್ರಸಾದ ಹಚ್ಚಿದಿರಿ" ಎಂದರು. "ಎರಡಕ್ಕೂ" ಎಂದು ಡೊರೊಥಿ ಪಕ್ಕದಿಂದ ಸೇರಿಸಿದರು. ಆಗ ಯಾರೋ ಕಿಸಕ್ಕೆಂದರು, ಆಮೇಲೆ ಇಡೀ ಹಾಲ್ ನಕ್ಕಿತು. ನನಗೆ ಅಳುವೂ ನಗುವೂ ಒಟ್ಟಿಗೇ ಬಂತು.

"ಆ ಬೂದಿ ಈಗ ನಿಮ್ಮ ಹತ್ತಿರ ಇದೆಯೇ?" ಎಂದರು ಬರ್ನಾರ್ಡ್.

ಇಲ್ಲದೆ ಏನು? ವಿಭೂತಿ ಗಟ್ಟಿ ಇಲ್ಲದೆ ನಮ್ಮಮ್ಮ ನನ್ನನ್ನು ಓಣಿಯ ಅಂಗಡಿಗೂ ಕಳಿಸುವುದಿಲ್ಲ. ಅವರ ಕಂಪ್ಯೂಟರಿನ ಮೇಲಿನ ಮುಚ್ಚಳಕ್ಕೆ, ಮುಚ್ಚಳಕ್ಕೆ ಮಾತ್ರ, ಉಸಿರು ಹಿಡಿದು ಮೂರು ಬೆರಳು ಎಳೆದೆ. ತಿರುಗಿ ನೋಡಿದರೆ ಹಿಂದೆ ಸಾಲು! ಆ ದೇಶದವರಿಗೆ ಸಾಲು ನಿಲ್ಲಲು ಕಾರಣವೇ ಬೇಕಿಲ್ಲ. ಹತ್ತು ಜನ ತಮ್ಮ ತಮ್ಮ ಕೀಬೋರ್ಡುಗಳನ್ನು ವೈರ್ ಬಿಚ್ಚಿ ಕೂಸಿನ ಹಾಗೆ ಎತ್ತಿಕೊಂಡು ನಿಂತಿದ್ದರು. ಒಂದೊಂದಕ್ಕೂ ಹಚ್ಚಿದೆ. ಡೊರೊಥಿ ಕಡೆಯಲ್ಲಿ ಇನ್ನೊಮ್ಮೆ ಬಂದು, ನಾಯಿ ಬೊಗಳಿದ ಆ ಹಳೇ ಕ್ಯಾಸೆಟ್ಟನ್ನು ಮುಂದೆ ಹಿಡಿದರು. ಅದರ ಡಬ್ಬಿಗೆ ಹಚ್ಚಿದೆ. ಬದುಕಿನಲ್ಲಿ ನಾನು ಅಷ್ಟು ನಕ್ಕ ಮಧ್ಯಾಹ್ನ ಇನ್ನೊಂದಿಲ್ಲ.

ನಕಲು ಮಾಡುವ ಕೆಲಸ ಆಮೇಲೆ. ಡ್ರೈವ್ ಒಂದೇ ಇದ್ದದ್ದರಿಂದ ಮೂಲ ಫ್ಲಾಪಿ ಹಾಕು, ತೆಗೆ, ಖಾಲಿಯದನ್ನು ಹಾಕು, ತೆಗೆ, ಮತ್ತೆ ಮೂಲ, ಹೀಗೆ ಹತ್ತಾರು ಸಲ. ಅಕಸ್ಮಾತ್ ತಪ್ಪಿದರೂ ಮೂಲದ ಮೇಲೆ ಏನೂ ಬರೆಯದಂತೆ ಬರ್ನಾರ್ಡ್ ಅದರ ಅಂಚಿನ ಕಚ್ಚಿಗೆ ಒಂದು ಚೂರು ಕಾಗದ ಅಂಟಿಸಿದರು. "ನೀವೇ ಮಾಡಿ" ಎಂದರು. ಎರಡು ಪ್ರತಿ ಮಾಡಿದೆ. ಸರಿಯಾಗಿವೆಯೋ ನೋಡುತ್ತೇನೆ ಎಂದು ಅವರು ಎರಡನ್ನೂ ತಮ್ಮ ಯಂತ್ರಕ್ಕೆ ಹಾಕಿ, ನನಗೆ ಬೆನ್ನು ತಿರುಗಿಸಿ ಏನೋ ಟಕಟಕ ಒತ್ತಿದರು. ನಾನು ಅಷ್ಟು ಗಮನ ಕೊಡಲಿಲ್ಲ. ಹೊರಡುವಾಗ ಡೊರೊಥಿ ನನ್ನ ಕೈಚೀಲಕ್ಕೆ ಒಂದು ಪೊಟ್ಟಣ ತುರುಕಿ ಗಲ್ಲಕ್ಕೆ ಮುತ್ತು ಕೊಟ್ಟರು.

ಮರಳಿ ಆಕಾಶದಲ್ಲಿ

ವಿಮಾನ ಏರಿದ ಮೇಲೆ ಆ ಪೊಟ್ಟಣ ನೆನಪಾಗಿ ಬಿಚ್ಚಿದೆ. ಊರಿನ ಚರ್ಚಿನ ಚಿತ್ರವಿದ್ದ ಮುದ್ದಾದ ಬಿಲ್ಲೆ. ಹಿಂದೆ ತಿರುಗಿಸಿದೆ. ದಪ್ಪನೆಯ ಅಯಸ್ಕಾಂತ. ಫ್ರಿಜ್ಜಿಗೆ ಅಂಟಿಸುವಂಥದ್ದು.

ಅಯ್ಯೋ ಶಿವನೇ! ಫ್ಲಾಪಿಗೆ ವಿಭೂತಿಗಿಂತ ದೊಡ್ಡ ಶತ್ರು ಅಯಸ್ಕಾಂತ, ಬರೆದದ್ದನ್ನೆಲ್ಲ ಅಳಿಸಿಬಿಡುತ್ತದೆ. ಅದು ಒಂದು ದಿನವಿಡೀ ಅದೇ ಚೀಲದಲ್ಲಿ, ಫ್ಲಾಪಿಗಳ ಮಗ್ಗುಲಲ್ಲೇ ಮಲಗಿತ್ತು. ಎದ್ದು ಓಡಿದೆ. ಶಿವಣ್ಣನವರು ಹನ್ನೆರಡು ಸಾಲು ಹಿಂದೆ ಗೊರಕೆ ಹೊಡೆಯುತ್ತಿದ್ದರು. ಅಲ್ಲಾಡಿಸಿ ಎಬ್ಬಿಸಿದೆ.

"ಅಣ್ಣಾ, ಇದನ್ನ ಬೆಂಗಳೂರು ಬರೋವರೆಗೂ ನಿಮ್ಮ ಜೇಬಲ್ಲಿ ಇಟ್ಕೊಳ್ಳಿ. ನನ್ನ ಹತ್ರ ಮಾತ್ರ ಬರ್ಬೇಡಿ."

"ಏನಮ್ಮಾ ಇದು? ಬಾಂಬಾ?"

"ಮೆಲ್ಲಗೆ! ಅಯಸ್ಕಾಂತ. ನನ್ನ ಫ್ಲಾಪಿ ಸಾಯುತ್ತೆ."

"ರೊಟ್ಟಿ ಇನ್ನೂ ಐತಾ?"

"ಖಾಲಿ ಅಣ್ಣಾ."

"ಓಗ್ಲಿ ಬಿಡು, ಕೊಡು" ಎಂದು ಜೇಬಿಗೆ ಹಾಕಿಕೊಂಡರು. ಆಮೇಲೆ ವಿಮಾನ ನಿಲ್ಲುವವರೆಗೂ ನಾನು ಆ ಕಡೆ ಹೋದರೆ ಅವರು ಈ ಕಡೆ, ನಾನು ಈ ಕಡೆ ಬಂದರೆ ಅವರು ಆ ಕಡೆ. ಜಗಳವಾಗಿದೆ ಎಂದು ಗುಂಪಿನವರು ತಿಳಿದರು. ಫ್ಲಾಪಿಗಳು ಉಳಿದಿವೆಯೋ ಇಲ್ಲವೋ ತಿಳಿಯಲು ದಾರಿಯಿರಲಿಲ್ಲ. ಹಬ್ಬಕ್ಕೆ ಒಂಬತ್ತು ದಿನ ಉಳಿದಿತ್ತು.

ಮತ್ತೆ ಪೀಣ್ಯ

ಕಾರ್ಖಾನೆಯಲ್ಲಿ ಕೆಲಸ ನಿಲ್ಲಿಸಿ ಎಲ್ಲರೂ ಯಂತ್ರದ ಸುತ್ತ ನೆರೆದಿದ್ದರು. ರಾಯಪ್ಪನವರು ಚಪ್ಪಲಿ ಬಿಟ್ಟು ಬಂದು ನಿಂತರು. ಡ್ರೈವನ್ನು ಸ್ಪಿರಿಟ್ ಹಾಕಿ ಒರೆಸಿದೆ. ಮೊದಲ ಫ್ಲಾಪಿ ಹಾಕಿದೆ. ಡ್ರೈವ್ ತಿರುಗಿತು, ತಡವರಿಸಿತು, ಮತ್ತೆ ತಿರುಗಿತು, ಪರದೆಯ ಮೇಲೆ ಓದಲಾಗದು ಎಂದು ಬಂತು. ಅಯಸ್ಕಾಂತ ಅದನ್ನು ತಿಂದು ಮುಗಿಸಿತ್ತು.

"ಮಲಿಕ್ಕಂತಾ?" ಎಂದರು ರಾಯಪ್ಪನವರು ಸಣ್ಣ ದನಿಯಲ್ಲಿ.

"ಇನ್ನೊಂದಿದೆ ಸಾರ್."

ಎರಡನೆಯದನ್ನು ಹಾಕಿದೆ. ಟಕ್, ಟಕ್, ಟಕ್. ಆ ಸದ್ದು ನನಗೆ ಗೊತ್ತು, ಅದು ಓದುತ್ತಿರುವ ಸದ್ದು! ಯಂತ್ರದ ತೋಳು ಒಮ್ಮೆ ಕೊಡವಿಕೊಂಡು ಎದ್ದಿತು. ಕಾರ್ಖಾನೆಯೆಲ್ಲ ಹೋ ಎಂದಿತು. ಅಷ್ಟರಲ್ಲಿ ಪರದೆಯ ಮೇಲೆ, ಹಿಂದೆ ಎಂದೂ ಇರದ ಒಂದು ಸಾಲು ದಪ್ಪ ಇಂಗ್ಲಿಷ್ ಅಕ್ಷರಗಳಲ್ಲಿ ಮೂಡಿತು. ಅದರ ಕೆಳಗೆ ಬರ್ನಾರ್ಡ್ ಎಂದು ಹೆಸರು. ಬೆನ್ನು ತಿರುಗಿಸಿ ಟಕಟಕ ಒತ್ತಿದ್ದು ಇದನ್ನು.

ಓದಿಕೊಂಡೆ.

"ಏನಮ್ಮಾ ಅದು? ಏನೋ ಬರ್ದವ್ನಲ್ಲ ಆ ಮಾರಾಯ?" ಎಂದರು ರಾಯಪ್ಪನವರು. ಅವರಿಗೆ ಇಂಗ್ಲಿಷ್ ಬಾರದು. ಫಿಟ್ಟರುಗಳು ಅಕ್ಷರ ಕೂಡಿಸಬಲ್ಲರು, ಅರ್ಥ ಬಿಡಿಸಲಾರರು. ಹಬ್ಬದ ಶುಭಾಶಯ ಸಾರ್ ಎಂದಿದ್ದರೆ ಎಲ್ಲರೂ ಚಪ್ಪಾಳೆ ಹೊಡೆಯುತ್ತಿದ್ದರು. ನಾಲಿಗೆಯ ತುದಿಗೆ ಅದೇ ಬಂದಿತ್ತು. ಆದರೆ ರಾಯಪ್ಪನವರ ಹಿಂದೆ, ಬಾಗಿಲ ಮೂಲೆಯಲ್ಲಿ, ಮೂರು ಬೂದುಗುಂಬಳಕಾಯಿಗಳನ್ನು ಕಂಡೆ. ಒಂದೊಂದೂ ಎರಡು ಕೈಯಲ್ಲಿ ಎತ್ತಲಾಗದ ಗಾತ್ರ. ಈ ಸಲ ಚಿಕ್ಕದಾಗದಿರಲಿ ಎಂದು ವಾರಕ್ಕೂ ಮುಂಚೆಯೇ ತಂದಿಟ್ಟಿದ್ದರು.

ಗಟ್ಟಿಯಾಗಿ ಓದಿದೆ. "ಗಿರಿಜಾ, ಬೂದಿ ಮುಚ್ಚಳಕ್ಕೆ ಹಚ್ಚು, ಕಿಟಕಿಗೆ ಹಚ್ಚಬೇಡ. ಮಾಲೀಕರಿಗೂ ಅವರ ಕುಂಬಳಕಾಯಿಗೂ ನನ್ನ ನಮಸ್ಕಾರ."

"ಅಂಗಂದ್ರೆ?"

"ಹೋದ ಹಬ್ಬದಲ್ಲಿ ಫ್ಲಾಪಿ ಕಿಟಕಿಗೆ ವಿಭೂತಿ ಹಚ್ಚಿದ್ದು ನಾನು ಸಾರ್. ಎರಡಕ್ಕೂ. ಅದಕ್ಕೇ ಯಂತ್ರ ಮಲಗಿದ್ದು. ನಿಮ್ಮ ಮುಂದೆ ಹೇಳೋಕೆ ನಂಗೆ ಧೈರ್ಯ ಬರ್ಲಿಲ್ಲ."

ರಾಯಪ್ಪನವರು ತಂತಿಯ ಸುರುಳಿಯೊಂದರ ಮೇಲೆ ಕೂತರು.

"ಅಂಗಾರೆ, ಕುಂಬಳಕಾಯಿ?" ಎಂದರು.

"ಕುಂಬಳಕಾಯಿದು ಏನೂ ತಪ್ಪಿಲ್ಲ ಸಾರ್. ನಿಮ್ದೂ ಇಲ್ಲ."

"ಒಂದು ವರ್ಸ ಕಣಮ್ಮ! ಒಂದು ವರ್ಸ ನಾನು ಆ ಸ್ಕೂಟರ್ ಮುಟ್ಲಿಲ್ಲ. ಮನೆದೇವ್ರಿಗೆ ತಪ್ಪುಕಾಣಿಕೆ ಕಟ್ಟಿವ್ನಿ. ಒಂದು ಮಾತು ಏಳಕ್ಕೆ ಏನಾಗಿತ್ತು ನಿಂಗೆ?" ಎಂದು ಗುಡುಗಿದರು. ಆ ಬೈಗುಳಕ್ಕೆ ನಾನು ಒಂದು ವರ್ಷದಿಂದ ಕಾದಿದ್ದೆ. ಕಣ್ಣಲ್ಲಿ ನೀರು ಬಂತು, ಎದೆ ಮಾತ್ರ ಹಗುರವಾಯಿತು. ಅವರು ಇನ್ನೂ ಏನೋ ಬೈಯಲು ಬಾ‌ಯಿ ತೆಗೆದವರು ನಿಲ್ಲಿಸಿ, "ಎರಡ್ಕೂ ಹಚ್ದಾ?" ಎಂದರು.

"ಎರಡಕ್ಕೂ ಸಾರ್. ಭೇದ ಮಾಡ್ಬಾರ್ದು ಅಂತ."

ಮೊದಲು ಅವರ ಹೊಟ್ಟೆ ಕುಣಿಯಿತು, ಆಮೇಲೆ ಹೆಗಲು, ಆಮೇಲೆ ನಗು ಹೊರಗೆ ಬಂತು. ನಕ್ಕು ನಕ್ಕು ಕಣ್ಣೊರೆಸಿಕೊಂಡು, ಮೂಲೆಯ ಕಡೆ ಕೈ ತೋರಿಸಿದರು. "ಒಂದು ಕಾಯಿ ಇಲ್ಲಿರ್ಲಿ. ಮಿಕ್ಕಿದ್ದೆರಡೂ ಕುಯ್ದು ಅಂಚ್ಕೊಂಡು ಓಗ್ರಲಾ. ಮನೇಲಿ ಮಜ್ಜಿಗೆ ಉಳಿ ಮಾಡುಸ್ಕಳಿ."

ಆ ಸಾಲನ್ನು ಅಳಿಸಲೇ ಎಂದು ಕೇಳಿದ್ದಕ್ಕೆ ಬಿಲ್‌ಕುಲ್ ಬೇಡ ಎಂದರು. ಯಂತ್ರ ಗುಜರಿಗೆ ಹೋಗಲಿಲ್ಲ. ದಿನಾ ಬೆಳಿಗ್ಗೆ ಸ್ವಿಚ್ ಹಾಕಿದರೆ ಮೊದಲು ನನ್ನ ಮಾನ ಕಳೆದು ಆಮೇಲೆ ಸ್ಪ್ರಿಂಗ್ ಸುತ್ತತೊಡಗಿತು.

ಹಬ್ಬದ ದಿನ ರಾಯಪ್ಪನವರು ವಿಭೂತಿಯ ತಟ್ಟೆಯನ್ನು ತಾವೇ ತಂದು ನನ್ನ ಮುಂದಿಟ್ಟರು. "ಮುಚ್ಚಳಕ್ಕೆ ಕಣಮ್ಮ" ಎಂದರು. ನಾನು ಮೂರು ಬೆರಳು ಅದ್ದಿ ಕಂಪ್ಯೂಟರಿನ ಮುಚ್ಚಳಕ್ಕೆ ಎಳೆದೆ. ಅವರು ಕಣ್ಣು ಮುಚ್ಚಿ ಕೈ ಮುಗಿಯಬೇಕಿತ್ತು. ಮುಗಿಯಲಿಲ್ಲ. ಅವರ ಎರಡೂ ಕೈ ಫ್ಲಾಪಿಯ ಡಬ್ಬಿಯನ್ನು ಎದೆಗೆ ಅವಚಿಕೊಂಡಿದ್ದವು, ಕಣ್ಣು ನನ್ನ ಬೆರಳುಗಳ ಮೇಲೇ ಇತ್ತು.